ಗೋಡೆ ಯಾರದ್ದು?

ಗೋಡೆಗೆ ಚಿತ್ರ ಬರೆದರೆ ಬೀದಿಯ ಜನ ಒಂದಾಗ್ತಾರೆ ಅಂತ ನಾವು ಸುಲಭವಾಗಿ ನಂಬಿಬಿಡ್ತೀವಿ. ಆದರೆ ಚಿತ್ರದ ಮುಂದೆ ಸೆಲ್ಫಿ ತೆಗೆದುಕೊಳ್ಳೋದು ಬೇರೆ, ಪಕ್ಕದ ಮನೆಯವರ ಹೆಸರು ಗೊತ್ತಿರೋದು ಬೇರೆ.

2009ರಲ್ಲಿ ಬಿಬಿಎಂಪಿ ಬೆಂಗಳೂರಿನ ಗೋಡೆಗಳ ಮೇಲೆ ಚಿತ್ರ ಬರೆಸಿತು. ಪೋಸ್ಟರ್ ಅಂಟಿಸಿ ಗೋಡೆ ಕೆಡಿಸೋದು ನಿಲ್ಲಲಿ ಅನ್ನೋದು ಉದ್ದೇಶ. ಬರೆದವರಲ್ಲಿ ಸಿನಿಮಾ ಬ್ಯಾನರ್ ಕಲಾವಿದರು ಬಹಳ ಮಂದಿ. ಫ್ಲೆಕ್ಸ್ ಬಂದು ಅವರ ಅನ್ನ ಕಿತ್ಕೊಂಡಿತ್ತು. ಅವರಿಗೆ ಕೆಲಸ ಸಿಕ್ಕಿದ್ದು ಒಳ್ಳೇದೇ. ಆದರೆ ಆ ಸ್ಮಾರಕ, ಆ ಕಾಡುಪ್ರಾಣಿಗಳು ಯಾವ ರಸ್ತೆಗಾದರೂ ಸೈ. ಮರುವರ್ಷ ಶುರುವಾದ ‘ದಿ ಅಗ್ಲಿ ಇಂಡಿಯನ್’ ಗುಂಪಿನದು ಬೇರೆ ದಾರಿ. ಹೆಸರು ಹೇಳಿಕೊಳ್ಳದ ಜನ ಕಸದ ಮೂಲೆಯನ್ನು ತಾವೇ ಗುಡಿಸಿ, ಗೋಡೆಗೆ ಬಣ್ಣ ಬಳೀತಾರೆ. ಅಲ್ಲಿ ಚಿತ್ರ ಸಾಧಾರಣ. ಆದ್ರೆ ಬೆಳಿಗ್ಗೆ ಕೈಗೆ ಬಣ್ಣ ಮೆತ್ತಿಕೊಂಡವರಿಗೆ ಸಂಜೆ ಅಲ್ಲೇ ಕಸ ಎಸೆಯೋಕೆ ಮನಸ್ಸು ಬರಲ್ಲ.

ಈಗ ಮೈಸೂರು ಜಿಲ್ಲೆಗೆ ಬನ್ನಿ. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆಯ ಬಸ್ ಸ್ಟ್ಯಾಂಡ್ ಗೋಡೆಗೆ ಏನು ಬರೀಬೇಕು? ಹುಲಿ, ಆನೆ, ಕಬಿನಿ. ಪಕ್ಕದಲ್ಲಿ ಜೇನು ಹಿಡಿದು ನಗೋ ಆದಿವಾಸಿ. ಥಟ್ಟನೆ ಹೊಳೆಯೋದು ಇದೇ. ನಾಗರಹೊಳೆ ಕಾಡಿಂದ ಹೊರಬಂದ ಜೇನುಕುರುಬರು ಇವತ್ತು ಹುಣಸೂರು ತಾಲ್ಲೂಕಿನ ನಾಗಾಪುರದಂಥ ಪುನರ್ವಸತಿ ಹಾಡಿಗಳಲ್ಲಿದ್ದಾರೆ. ಯಾವ ಹುಲಿಯ ಹೆಸರಲ್ಲಿ ಕಾಡು ಬಿಟ್ಟರೋ ಅದರ ಪಕ್ಕದಲ್ಲೇ ಅವರನ್ನು ನಗಿಸಿ ನಿಲ್ಲಿಸೋಕೆ ನಾವು ಯಾರು? ಅವರನ್ನೇ ಕೇಳಿದ್ರೆ ಬೇರೆ ಚಿತ್ರ ಹೇಳಬಹುದು. ಪಿರಿಯಾಪಟ್ಟಣದ ರೈತ ಹೊಗೆಸೊಪ್ಪಿನ ಬ್ಯಾರನ್ ಬರೀರಿ ಅನ್ನಬಹುದು. ‘ಛೆ, ಶಾಲೆ ಮಕ್ಕಳು ಓಡಾಡೋ ಜಾಗ’ ಅಂತ ಇನ್ನೊಬ್ಬರು ತಡೀಬಹುದು.

ಹೀಗೆ ಎಲ್ಲರನ್ನೂ ಕೇಳ್ತಾ ಕೂತರೆ ಗೋಡೆ ಖಾಲಿಯೇ ಉಳಿಯುತ್ತಲ್ಲ ಅಂತೀರಾ? ಕೆಲವು ತಿಂಗಳು ಉಳೀಲಿ ಬಿಡಿ. ಊರು ಒಂದಾಗೋದು ಮುಗಿದ ಚಿತ್ರ ನೋಡಿ ಅಲ್ಲ, ಏನು ಬರೀಬೇಕು ಅನ್ನೋ ಜಗಳದಲ್ಲಿ ತನ್ನ ಮಾತೂ ನಡೀತು ಅನ್ನಿಸಿದಾಗ ಅಂತ ನನಗನ್ನಿಸುತ್ತೆ. ಆ ಮಾತಲ್ಲಿ ‘ನಮ್ಮನ್ನ ಬರೀಬೇಡಿ’ ಅನ್ನೋದೂ ಸೇರಿರಬೇಕು.

ಮುಂದಿನ ಸಲ ನಿಮ್ಮ ಕಂಪನಿಯ ಸಿಎಸ್‌ಆರ್ ತಂಡ ಬಣ್ಣದ ಡಬ್ಬ ಹಿಡಿದು ಊರಿನ ಶಾಲೆಗೆ ಹೊರಟರೆ, ಡಿಸೈನ್ ಮನೇಲಿಟ್ಟು ಹೋಗಿ. ಮೊದಲ ಶನಿವಾರ ಸುಮ್ಮನೆ ಕೂತು ಕೇಳಿಸಿಕೊಂಡು ಬನ್ನಿ. ಬಣ್ಣ ಎರಡನೇ ಶನಿವಾರಕ್ಕೂ ಹಾಗೇ ಇರುತ್ತೆ.