ಜನವಿಲ್ಲದ ನೆಲದ ಪಂಚಾಂಗ

ಮಂಗಳ ಗ್ರಹಕ್ಕೆ ಒಂದು ಕ್ಯಾಲೆಂಡರ್ ಇದೆ. 1985ರಲ್ಲಿ ಅಮೆರಿಕದ ಥಾಮಸ್ ಗ್ಯಾಂಗೇಲ್ ಅದನ್ನು ರಚಿಸಿ, ಮಗನ ಹೆಸರಿನಿಂದ ಡೇರಿಯನ್ ಎಂದು ಕರೆದರು. ಅಲ್ಲಿನ ಒಂದು ಹಗಲಿರುಳಿಗೆ 24 ಗಂಟೆ 39 ನಿಮಿಷ, ವರ್ಷಕ್ಕೆ ಅಂಥ 668 ಚಿಲ್ಲರೆ ದಿನ, ತಿಂಗಳು 24. ಪ್ರತಿ ರಾಶಿಗೂ ಎರಡೆರಡು ತಿಂಗಳು, ಮೊದಲು ಲ್ಯಾಟಿನ್ ಹೆಸರು, ಅದರ ಬೆನ್ನಿಗೆ ಸಂಸ್ಕೃತದ್ದು: ಏರೀಸ್ ಮುಗಿದರೆ ಮೇಷ, ಟಾರಸ್ ಮುಗಿದರೆ ವೃಷಭ. ಆ ನೆಲದಲ್ಲಿ ಒಬ್ಬ ಮನುಷ್ಯನೂ ಇಲ್ಲ.

ಇಂಥ ರಚನೆಗಳ ಹಿಂದೆ ಒಂದು ನಂಬಿಕೆ ಕೆಲಸ ಮಾಡುತ್ತದೆ: ಆಕಾಶದ ಲೆಕ್ಕ ಸರಿಯಿದ್ದರೆ ಕಾಲಗಣನೆ ಪೂರ್ತಿಯಾಯಿತು, ಜನ ಆಮೇಲೆ ಬಂದು ಸೇರಿಕೊಳ್ಳಲಿ. ಅನ್ಯಲೋಕದ ಜನಾಂಗವೊಂದನ್ನು ಕಲ್ಪಿಸಿ ಕಥೆ ಬರೆಯುವವರೂ ಎಷ್ಟೋ ಸಲ ತಿಂಗಳ ಪಟ್ಟಿಯಿಂದಲೇ ಶುರುಮಾಡುತ್ತಾರೆ. ದಕ್ಷಿಣ ಕನ್ನಡದ ಪುತ್ತೂರು, ಸುಳ್ಯ, ಕಡಬದ ಮಳೆಯಲ್ಲಿ ವರ್ಷ ಕಳೆದವರಿಗೆ ಈ ನಂಬಿಕೆ ಸಿಟ್ಟು ತರಿಸಬೇಕು.

ಅದೇ ಮೇಷ, ವೃಷಭ ಈ ಸೀಮೆಯ ತುಳುವಿನಲ್ಲಿ ಪಗ್ಗು, ಬೇಶ. ಮುಂದೆ ಕಾರ್ತೆಲ್, ಆಟಿ, ಸೋಣ, ನಿರ್ನಾಲ, ಬೊಂತೆಲ್, ಜಾರ್ದೆ, ಪೆರಾರ್ದೆ, ಪುಯಿಂತೆಲ್, ಮಾಯಿ, ಸುಗ್ಗಿ. ಸಂಕ್ರಮಣದಿಂದ ಸಂಕ್ರಮಣಕ್ಕೆ ಒಂದು ತಿಂಗಳು; ಏಪ್ರಿಲ್ ನಡುವಿನ ಬಿಸುವಿಗೆ ಹೊಸ ವರ್ಷ. ಲೆಕ್ಕ ಇಷ್ಟೇ, ಉಳಿದದ್ದೆಲ್ಲ ನಡವಳಿಕೆ. ಬೇಶ 10 ಪತ್ತನಾಜೆ: ಭೂತಕೋಲ, ಜಾತ್ರೆಗಳು ನಿಲ್ಲುತ್ತವೆ, ಯಕ್ಷಗಾನ ಮೇಳಗಳು ಗೆಜ್ಜೆ ಬಿಚ್ಚುತ್ತವೆ. ಮಳೆಗಾಲದ ಆಟಿಯಲ್ಲಿ ಮದುವೆಯಿಲ್ಲ, ಹೊಸ ಮದುಮಗಳು ತವರಿಗೆ ಹೋಗುತ್ತಾಳೆ. ಆಟಿ ಅಮಾವಾಸ್ಯೆಯ ನಸುಕಿನಲ್ಲಿ ಕತ್ತಿ ತಾಗಿಸದೆ, ಕಲ್ಲಿನಿಂದ ಜಜ್ಜಿ ತೆಗೆದ ಪಾಲೆ ಮರದ ಕೆತ್ತೆಯ ಕಷಾಯ ಕುಡಿಯುತ್ತಾರೆ. ಪುಯಿಂತೆಲಿನ ಕೊನೆಗೆ ಕೆಡ್ಡಸ. ಭೂಮಿತಾಯಿ ಮುಟ್ಟಾಗಿರುವ ಆ ಮೂರು ದಿನ ಪಿಕ್ಕಾಸು ನೆಲಕ್ಕೆ ಬೀಳಬಾರದು. ಏನು ಮಾಡಬೇಕು, ಏನು ಮಾಡಬಾರದು ಎಂಬ ಈ ಕಟ್ಟೇ ತಿಂಗಳು.

ತಿಂಗಳೆಂದರೆ ಲೆಕ್ಕವೋ ನಡವಳಿಕೆಯೋ ಎಂಬ ಪ್ರಶ್ನೆಗೆ ಕಾಲವನ್ನು ದ್ರವ್ಯವೆಂದ ವೈಶೇಷಿಕ ದಾರ್ಶನಿಕರೂ, ಶುಭಾಶುಭ ಹೇಳುವ ಜ್ಯೋತಿಷಿಗಳೂ ಹೆಚ್ಚು ಒದಗುವುದಿಲ್ಲ. ಸರಿಯಾದ ಎದುರಾಳಿ ಭೌತವಿಜ್ಞಾನಿ ಮೇಘನಾದ ಸಹಾ. 1952ರಲ್ಲಿ ನೇಮಕವಾದ ಪಂಚಾಂಗ ಸುಧಾರಣಾ ಸಮಿತಿಗೆ ಅವರು ಅಧ್ಯಕ್ಷರು. ದೇಶದಲ್ಲಿ ಸುಮಾರು 30 ಬಗೆಯ ಪಂಚಾಂಗಗಳಿದ್ದವು. ಸಹಾ ಅವುಗಳಲ್ಲಿ ಕಂಡ ದೋಷ ಸ್ಪಷ್ಟವಾದದ್ದು. ಹಗಲು ರಾತ್ರಿ ಸಮನಾಗುವುದು ಮಾರ್ಚ್ 21ರ ಸುಮಾರಿಗೆ. ಮೇಷ ಸಂಕ್ರಮಣ ಬರುವುದು ಏಪ್ರಿಲ್ 14ರ ಹೊತ್ತಿಗೆ. ಒಂದೂವರೆ ಸಾವಿರ ವರ್ಷಗಳ ಹಿಂದೆ ಎರಡೂ ಹೆಚ್ಚುಕಡಿಮೆ ಒಟ್ಟಿಗಿದ್ದವು. ಪಂಚಾಂಗ ನಕ್ಷತ್ರ ಹಿಡಿದು ನಡೆಯುವುದರಿಂದ ಅದರ ವರ್ಷ ಋತುವಿನ ವರ್ಷಕ್ಕಿಂತ ಸುಮಾರು 20 ನಿಮಿಷ ಉದ್ದ. ಸಮಿತಿಯ ವರದಿ 1955ರಲ್ಲಿ ಬಂತು. 1957ರ ಮಾರ್ಚ್ 22 ಹೊಸ ರಾಷ್ಟ್ರೀಯ ಪಂಚಾಂಗದಲ್ಲಿ ಶಕ 1879ರ ಚೈತ್ರ 1 ಆಯಿತು. ಸಹಾ ಅದಕ್ಕೆ ಮೊದಲೇ, 1956ರಲ್ಲಿ ತೀರಿಕೊಂಡಿದ್ದರು.

ಆ ಪಂಚಾಂಗ ರಾಜ್ಯಪತ್ರದಲ್ಲಿದೆ, ಆಕಾಶವಾಣಿಯಲ್ಲಿ ಕೇಳಿಸಿದೆ. ಸುಳ್ಯದ ತೋಟದ ಮನೆಗಳಲ್ಲಿ ಅದನ್ನು ನೋಡಿ ಬೀಜ ಹಾಕುವ ಪದ್ಧತಿಯಿಲ್ಲ, ಕೋಲ ಕೊಡುವ ಪದ್ಧತಿಯೂ ಇಲ್ಲ. ಹಾಗೆಂದು ಸಹಾ ಸೋತರು ಎನ್ನುವುದು ಅವಸರದ ಮಾತು. ಬಳಸುವವರಿಲ್ಲ ಎಂದರೆ ಲೆಕ್ಕ ಸುಳ್ಳಾಗುವುದಿಲ್ಲ. ಅದಕ್ಕಿಂತ ಮುಖ್ಯವಾದ ತೊಡಕು ಇನ್ನೊಂದಿದೆ. ಆಟಿಯ ಅರ್ಥ ಮಳೆಯಲ್ಲಿದೆ ಎನ್ನುವುದಾದರೆ, ಸಂಕ್ರಮಣ 70 ವರ್ಷಕ್ಕೊಂದು ದಿನದಂತೆ ಋತುವಿನಿಂದ ಸರಿಯುತ್ತಿದೆ. ಎರಡು ಸಾವಿರ ವರ್ಷಕ್ಕೆ ಪೂರಾ ಒಂದು ತಿಂಗಳು. ಹಾಗಾದರೆ ಆಟಿಯನ್ನು ಮಳೆಯೊಳಗೇ ಉಳಿಸಲು ಹೊರಟವರು ಸಹಾ. ಇಷ್ಟನ್ನು ಒಪ್ಪಲೇಬೇಕು.

ಆಟಿಯ ಅರ್ಥ ಮಳೆಯಲ್ಲೇ ಇದೆಯೇ? ಗದ್ದೆಗಳಿದ್ದ ಕಾಲಕ್ಕೆ ನಾಟಿ ಮುಗಿದು, ಅಕ್ಕಿಮುಡಿ ಖಾಲಿಯಾಗಿ, ಕೆಸುವಿನೆಲೆ, ತಜಂಕು, ಕಣಿಲೆ, ಹಲಸಿನ ಬೀಜದಲ್ಲಿ ದಿನ ದೂಡುವ ತಿಂಗಳು ಅದು. ಈಗ ಬಹುಪಾಲು ಗದ್ದೆ ಅಡಿಕೆ ತೋಟವಾಗಿದೆ. ಹಸಿವಿನ ತಿನಿಸುಗಳನ್ನು ಸಭಾಭವನಗಳ ಆಟಿ ಕೂಟದಲ್ಲಿ ಸಾಲಾಗಿ ಬಡಿಸುತ್ತಾರೆ. ತಿಂಗಳು ಮಾತ್ರ ಸತ್ತಿಲ್ಲ, ಅದರ ಕೆಲಸ ಬದಲಾಗಿದೆ. ಕೊಳೆರೋಗ ಹತ್ತದಂತೆ ಮಳೆಗಾಲದ ಮೊದಲು ಬೋರ್ಡೋ ಮದ್ದು ಬಿಟ್ಟವರು, 40–45 ದಿನ ಕಳೆದು ಎರಡನೆಯ ಸಲ ಬಿಡಲು ಆಟಿಯ ಹೊಳವನ್ನೇ ಕಾಯುತ್ತಾರೆ.

ಇನ್ನೂ ಕಠಿಣವಾದ ಉದಾಹರಣೆ ಪುತ್ತೂರು ಪೇಟೆಯಲ್ಲೇ ಇದೆ. ಮಹಾಲಿಂಗೇಶ್ವರನ ಜಾತ್ರೆಗೆ ಕೊಡಿ ಏರುವುದು ಏಪ್ರಿಲ್ 10ಕ್ಕೆ, ಬ್ರಹ್ಮರಥ ಎಳೆಯುವುದು 17ಕ್ಕೆ. ಊರವರ ಬಾಯಲ್ಲಿರುವುದು ಇದೇ ತಾರೀಕು. 1582ರಲ್ಲಿ ಪೋಪ್ ಗ್ರೆಗರಿ ಹೊರಡಿಸಿದ ಕ್ಯಾಲೆಂಡರಿನದ್ದು. ಅದೇ ಮನೆಯವರು ಕಡಬ ತಾಲೂಕಿನ ಕುಕ್ಕೆಗೆ ಹೋಗುವುದು ಚಾಂದ್ರಮಾನದ ಚಂಪಾಷಷ್ಠಿಗೆ, ಪತ್ತನಾಜೆ ಹಿಡಿಯುವುದು ಬೇಶದ ಲೆಕ್ಕದಲ್ಲಿ. ಮೂರಕ್ಕೂ ಜಗಳವಿಲ್ಲ. ಹೊರಗಿನಿಂದ ಬಂದ ತಾರೀಕಿಗೂ ಒಂದು ರಥ ಕಟ್ಟಿದರೆ ಅದು ಊರಿನದಾಗುತ್ತದೆ.

ಹೀಗೆ ಒಪ್ಪಿದ ಮೇಲೆ ಮಂಗಳದ ಪಟ್ಟಿಯನ್ನು ಪೂರ್ತಿ ತಳ್ಳಿಹಾಕುವುದು ಆಗದು. ಅಲ್ಲಿಗೆ ಜನ ಹೋಗಿ, ಅಲ್ಲಿನ ಮೇಷದಲ್ಲಿ ಬಿತ್ತಿ, ವೃಷಭದಲ್ಲಿ ಯಾರನ್ನೋ ನೆನೆದು ಉಪವಾಸ ಕೂತರೆ ಅದೂ ಪಂಚಾಂಗವೇ. ಪಟ್ಟಿ ಮೊದಲು ಬರಬಹುದು. ಯಾವ ದಿನ ಪಿಕ್ಕಾಸು ಎತ್ತಬಾರದು ಎಂಬುದನ್ನು ಮಾತ್ರ ಅಲ್ಲಿ ಬದುಕಿದವರೇ ಬರೆಯಬೇಕು. ನಡವಳಿಕೆ ನಡೆದಷ್ಟು ಕಾಲ ಲೆಕ್ಕದ ತಪ್ಪನ್ನು ತಾಳಬಹುದೇ, ತಿದ್ದಿದರೆ ನಡವಳಿಕೆ ಉಳಿಯುತ್ತದೆಯೇ ಎಂಬ, ಸಹಾ ಅವರ ಕೆಲಸ ಎತ್ತಿದ ಪ್ರಶ್ನೆ ಹಾಗೆಯೇ ಉಳಿದಿದೆ. ಬೇಶ 10ಕ್ಕೆ ಈ ವರ್ಷವೂ ಮೇಳಗಳು ಗೆಜ್ಜೆ ಬಿಚ್ಚುತ್ತವೆ. ಸಂಕ್ರಮಣ ವರ್ಷಕ್ಕೆ 20 ನಿಮಿಷದಂತೆ ಜಾರುತ್ತಲೇ ಇರುತ್ತದೆ.