ಹುಲ್ಲು ಕಿತ್ತು ಗಿಡ ನೆಟ್ಟರೆ ಪುಣ್ಯವೇ?

ಗ್ರಹಣದ ದಿನ ಉಪ್ಪಿನಕಾಯಿ ಜಾಡಿ ಮೇಲೆ ದರ್ಭೆ ಇಡದ ಮನೆ ಚಾಮರಾಜಪುರಂನ ಹಳೇ ಬೀದಿಗಳಲ್ಲಿ ಕಡಿಮೆ. ಬೇಸಿಗೆ ಬಂತೆಂದರೆ ಕುಡಿಯುವ ನೀರಿನ ಮಡಕೆಗೆ ಲಾವಂಚದ ಬೇರು ಹಾಕುತ್ತಾರೆ. ದರ್ಭೆಯೂ ಹುಲ್ಲೇ, ಲಾವಂಚವೂ ಹುಲ್ಲೇ. ಎರಡೂ ಬುಡ ಕಟ್ಟಿಕೊಂಡು ಪೊದೆಯಂತೆ ಬೆಳೆಯುವ ಜಾತಿ. ಅದೇ ರೀತಿಯ ಹುಲ್ಲು ಚಾಮುಂಡಿ ಬೆಟ್ಟದ ಇಳಿಜಾರಿನಲ್ಲಿ ಕಂಡರೆ ಮಾತ್ರ "ಬರೀ ಕಳೆ, ಕಿತ್ತು ಗಿಡ ನೆಡಿ" ಅಂತೀವಿ.

ಗಿಡ ನೆಡುವುದು ಪುಣ್ಯ, ಸರಿ. ಹುಲ್ಲು ಕಿತ್ತು ನೆಟ್ಟರೂ ಪುಣ್ಯವೇ? ಉದ್ದೇಶ ಒಳ್ಳೆಯದಿದ್ದರೆ ಸಾಕು ಅನ್ನುವವರಿದ್ದಾರೆ. ನನಗೆ ಹಾಗನ್ನಿಸುವುದಿಲ್ಲ. ದಾನಕ್ಕೆ ದೇಶ, ಕಾಲ, ಪಾತ್ರ ಮೂರನ್ನೂ ನೋಡಬೇಕು ಅಂತ ಗೀತೆಯ 17ನೇ ಅಧ್ಯಾಯದಲ್ಲೇ ಇದೆ. ಬೆಟ್ಟಕ್ಕೆ ಕೊಡುವ ದಾನಕ್ಕೂ ಅದು ಅನ್ವಯಿಸಬೇಕಲ್ಲವೇ?

ಆ ಹುಲ್ಲು ಮಾಡುವ ಕೆಲಸ ನೋಡಿ. ಮಳೆಹನಿ ಮೊದಲು ಎಲೆ ಮೇಲೆ ಬಿದ್ದು ಮೆತ್ತಗೆ ನೆಲಕ್ಕಿಳಿಯುತ್ತೆ. ಹರಿಯುವ ನೀರು ಬುಡಕ್ಕೆ ತಡೆದು ನಿಧಾನವಾಗುತ್ತೆ, ಹೊತ್ತು ತಂದ ಮಣ್ಣನ್ನು ಅಲ್ಲೇ ಬಿಡುತ್ತೆ. ಲಾವಂಚದ ಬೇರಂತೂ ಒಳ್ಳೇ ಮಣ್ಣಿನಲ್ಲಿ 3 ಮೀಟರ್ ಆಳಕ್ಕೂ ಇಳಿಯುವುದುಂಟು. ಗೌಜಲಕ್ಕಿ ಮೊಟ್ಟೆ ಇಡುವುದು ಇಂಥ ಬುಡಗಳ ಮರೆಯಲ್ಲೇ. ಕೆಳಗೆ ಕೆರೆಯಂಚಿನಲ್ಲಿ ಮಣ್ಣು ತಡೆಯುವ ಕೆಲಸ ಜೇಕು, ಜೊಂಡಿನದು.

ಬೇಸಿಗೆಯಲ್ಲಿ ಬೆಂಕಿ ಬಿದ್ದರೂ ಮೊಳಕೆ ಬುಡದೊಳಗೆ ಅಡಗಿರುವುದರಿಂದ ಎಷ್ಟೋ ಹುಲ್ಲು ಮಳೆಗೆ ಮತ್ತೆ ಚಿಗುರುತ್ತೆ. ಬೇರುಸಮೇತ ಅಗೆದದ್ದು ಚಿಗುರುವುದಿಲ್ಲ. ಬೀಡಿ ಎಸೆದವನಿಗಿಂತ ಗುದ್ದಲಿ ಹಿಡಿದ ಸಜ್ಜನರಿಂದಲೇ ಹುಲ್ಲಿಗೆ ಹೆಚ್ಚು ಹಾನಿ ಆದಂತಾಯ್ತು! (ಬೀಡಿಯವನಿಗೆ ಇದು ಸರ್ಟಿಫಿಕೇಟ್ ಅಲ್ಲ. ಹಕ್ಕಿಮರಿ ಮತ್ತೆ ಚಿಗುರುವುದಿಲ್ಲ.)

2021ರ ಅಕ್ಟೋಬರ್ ಮಳೆಗೆ ನಂದಿ ವಿಗ್ರಹದ ಕಡೆಯ ರಸ್ತೆ ಕುಸಿದದ್ದು ನೆನಪಿರಬಹುದು. ಹುಲ್ಲೊಂದಿದ್ದರೆ ಉಳಿಯುತ್ತಿತ್ತು ಎಂದು ಹೇಳಲಾರೆ, ರಸ್ತೆಗೆ ತಡೆಗೋಡೆ, ಚರಂಡಿ ಬೇಕೇ ಬೇಕು. ಆದರೆ ನೀರು ನುಗ್ಗಿದರೆ ಬೆಟ್ಟದ ಮಣ್ಣು ಹೇಗೆ ಜಾರುತ್ತೆ ಅನ್ನೋದು ಆಗ ಎಲ್ಲರ ಕಣ್ಣಿಗೂ ಬಿತ್ತು.

ಹಾಗಾದರೆ ನೆರಳು ಬೇಡವೇ ಅಂತ ಕೇಳಬಹುದು. ಬೇಕು. ಲಂಟಾನ ತುಂಬಿದ ಜಾಗ ಬೇಕಾದಷ್ಟಿದೆ, ಅದನ್ನು ತೆಗೆದು ನೆಡಲಿ. ಹರಕೆಗೆ ಸಸಿ ತರುವವರು ಎಲ್ಲಿ ನೆಡಬೇಕು, ಯಾವ ಜಾತಿ ಎಂದು ಅರಣ್ಯ ಇಲಾಖೆಯವರನ್ನು ಮೊದಲೇ ಕೇಳಿಕೊಳ್ಳಿ. ಆಷಾಢ ಶುಕ್ರವಾರ ನೂಕುನುಗ್ಗಲು ಅಂತ ಹುಲ್ಲು ತುಳಿದು ಅಡ್ಡದಾರಿ ಹಿಡಿಯಬೇಡಿ. ದೊಡ್ಡ ದೇವರಾಜ ಒಡೆಯರ ಕಾಲದಲ್ಲಿ (1659-1673) ಕಟ್ಟಿದ ಮೆಟ್ಟಿಲು ಸಾವಿರ ಇವೆ, ನಿಧಾನವಾಗಿ ಹತ್ತಿ.