ಗೆದ್ದವರೆಲ್ಲ ಶ್ರೇಷ್ಠರೇ?

ಅಮೆರಿಕದ ಮೇಜರ್ ಲೀಗ್ ಬೇಸ್‌ಬಾಲ್ ತಂಡವೊಂದು ಆರು ತಿಂಗಳಲ್ಲಿ 162 ಪಂದ್ಯ ಆಡುತ್ತದೆ. ಅಕ್ಟೋಬರ್ ಬಂತೆಂದರೆ ಆ ಲೆಕ್ಕವೆಲ್ಲ ಬದಿಗೆ. 2022ರಿಂದ ಎರಡು ಲೀಗುಗಳಿಂದ ತಲಾ ಆರು ತಂಡಗಳಿಗೆ ಪ್ಲೇಆಫ್ ಪ್ರವೇಶ: ಮೂರು ವಿಭಾಗಗಳ ವಿಜೇತರು, ಮೂರು ವೈಲ್ಡ್ ಕಾರ್ಡ್ ತಂಡಗಳು. ವಿಜೇತರಲ್ಲಿ ಮೊದಲಿಬ್ಬರಿಗೆ ಮೊದಲ ಸುತ್ತಿನ ವಿನಾಯಿತಿ. ಉಳಿದವರಿಗೆ ಮೂರು ಪಂದ್ಯಗಳ ಸರಣಿ. ಆಮೇಲೆ ಐದರದು, ಏಳರದು, ಕೊನೆಗೆ ವರ್ಲ್ಡ್ ಸೀರೀಸ್, ಅದೂ ಏಳರದೇ.

2001ರಲ್ಲಿ 116 ಪಂದ್ಯ ಗೆದ್ದ ಸಿಯಾಟಲ್ ಮ್ಯಾರಿನರ್ಸ್ ವರ್ಲ್ಡ್ ಸೀರೀಸನ್ನು ಮುಟ್ಟಲೇ ಇಲ್ಲ. 2023ರಲ್ಲಿ ನೂರು ಅಥವಾ ಹೆಚ್ಚು ಗೆದ್ದ ಮೂರು ತಂಡಗಳೂ ಐದರ ಸರಣಿಯಲ್ಲೇ ಸೋತವು. 90 ಗೆದ್ದ ಟೆಕ್ಸಾಸ್ ರೇಂಜರ್ಸ್ ಪ್ರಶಸ್ತಿ ಪಡೆಯಿತು.

ಇದು ನ್ಯಾಯವೇ? ನಿಯಮ ಮೊದಲೇ ಗೊತ್ತಿದೆ, ಎಲ್ಲರಿಗೂ ಒಂದೇ, ಆದ್ದರಿಂದ ಮೋಸವಿಲ್ಲ. ಆದರೆ ಸಣ್ಣ ಸರಣಿ ಹೇಳುವುದು ಈ ವಾರ ಯಾರು ಗೆದ್ದರೆಂದು ಮಾತ್ರ. ಯಾರು ಶ್ರೇಷ್ಠರೆಂಬುದಕ್ಕೂ ಅದೇ ಉತ್ತರವೆಂದುಕೊಂಡಾಗ ತಪ್ಪಾಗುತ್ತದೆ. ವರ್ಷವಿಡೀ ಓದಿದ್ದನ್ನು ಮೂರು ಗಂಟೆಯ ಎಸ್ಸೆಸ್ಸೆಲ್ಸಿ ಪರೀಕ್ಷೆಯಲ್ಲಿ ಅಳೆಸಿಕೊಂಡು ಬಂದ ನಮಗೆ ಇದು ಹೊಸ ಮಾತೇನಲ್ಲ. ಗೆದ್ದವರಿಗೆ ಹಾರ ಹಾಕೋಣ. ಸೋತವರನ್ನು, ಅವರು ನಮ್ಮ ಮನೆಯ ಮಕ್ಕಳೇ ಆಗಿರಲಿ, ಹಗುರವಾಗಿ ಕಾಣುವ ಮುನ್ನ ಅವರ ಆರು ತಿಂಗಳ ದುಡಿಮೆಯನ್ನೂ ಎಣಿಸೋಣ.